ಅಣಬೆಯಿಂದ ಬೆಳೆಯುವ ಊರನ್ನು ಕಥೆಗಾಗಿ ಕಟ್ಟುವ ಕ್ರಮ

ಜೀವಂತ ಅಣಬೆಯಿಂದಲೇ ಬೆಳೆದ ಊರೊಂದನ್ನು ಕಲ್ಪಿಸಿಕೊಂಡು ಕಥೆ ಬರೆಯಲು ಹೊರಡುವವರಿಗೆ ಕೊಡೆಯಾಕಾರದ ಚಾವಣಿಗಳೂ ರಾತ್ರಿ ಮಿನುಗುವ ಬೀದಿಗಳೂ ಎಲ್ಲಕ್ಕಿಂತ ಮೊದಲು ಹೊಳೆಯುತ್ತವೆ. ಅವನ್ನು ಸ್ವಲ್ಪ ಬದಿಗಿಟ್ಟು, ಈ ಊರು ಏನನ್ನು ತಿಂದು ಬದುಕುತ್ತದೆ ಎಂಬ ಪ್ರಶ್ನೆಯಿಂದ ಆರಂಭಿಸಬೇಕು ಎಂಬುದು ನನ್ನ ಖಚಿತ ಅಭಿಪ್ರಾಯ. ಬಿಸಿಲಿನಿಂದ ಆಹಾರ ತಯಾರಿಸಿಕೊಳ್ಳಲು ಶಿಲೀಂಧ್ರಕ್ಕೆ ಬರುವುದಿಲ್ಲ. ಅದು ತಾನು ಹಬ್ಬಿದ ವಸ್ತುವಿನ ಮೇಲೆ ಕಿಣ್ವಗಳನ್ನು ಸ್ರವಿಸಿ, ಅದನ್ನು ಕರಗಿಸಿ, ಆಮೇಲೆ ಹೀರಿಕೊಳ್ಳುತ್ತದೆ. ಹಾಗಾಗಿ ಇಂಥ ಊರಿನ ಪ್ರತಿಯೊಂದು ಗೋಡೆಯೂ ತನ್ನೊಳಗಿನ ಹುಲ್ಲನ್ನು ದಿನವೂ ತಿನ್ನುತ್ತಿರುತ್ತದೆ, ಹೊಸ ಮೇವು ಸಿಗದಿದ್ದರೆ ಟೊಳ್ಳಾಗಿ ಕುಸಿಯುತ್ತದೆ.

ಈ ಕಾರಣಕ್ಕಾಗಿಯೇ ಊರನ್ನು ಮಂಡ್ಯದ ನಾಲೆಯ ಬಯಲಿನಲ್ಲಿ ನೆಡುವುದು ಸೂಕ್ತ. ವಿಶ್ವೇಶ್ವರಯ್ಯ ನಾಲೆಯ ನೀರು ಹರಿಯುವಲ್ಲೆಲ್ಲ ಭತ್ತದ ಹುಲ್ಲಿನ ಮೆದೆಗಳಿವೆ, ಕಬ್ಬು ಅರೆದ ಮೇಲೆ ಉಳಿಯುವ ಸಿಪ್ಪೆಯ ರಾಶಿಗಳಿವೆ. ಆದರೆ ಆ ಸಿಪ್ಪೆಯನ್ನೇ ಒಣಗಿಸಿ ಆಲೆಮನೆಯ ಒಲೆಗೆ ಉರುವಲಾಗಿ ಹಾಕುತ್ತಾರೆ. ಬೆಲ್ಲ ಕಾಯಿಸುವವರಿಗೂ ಗೋಡೆಗೆ ಮೇವುಣಿಸುವವರಿಗೂ ಬೇಕಾದದ್ದು ಒಂದೇ ರಾಶಿ ಎಂದಾದಾಗ, ಕಥೆಗೆ ಬೇಕಾದ ಸಂಘರ್ಷವನ್ನು ಬೇರೆಲ್ಲೂ ಹುಡುಕಬೇಕಾಗಿಲ್ಲ.

ಗೋಡೆ ಬೆಳೆಯುವ ರೀತಿಯನ್ನು ಚಿಪ್ಪು ಅಣಬೆ ಬೆಳೆಯುವ ರೈತರಿಂದ ಕಲಿಯಬಹುದು. ಅವರು ಭತ್ತದ ಹುಲ್ಲನ್ನು ಸಣ್ಣಗೆ ಕತ್ತರಿಸಿ, ನೆನೆಸಿ, ಬಿಸಿನೀರಿನಲ್ಲಿ ಹದಮಾಡಿ, ನೀರು ಬಸಿದ ಮೇಲೆ ಚೀಲದಲ್ಲಿ ಪದರ ಪದರವಾಗಿ ತುಂಬುತ್ತಾರೆ. ಹಾಲಿಗೆ ಹೆಪ್ಪು ಹಾಕಿದಂತೆ ಪ್ರತಿ ಪದರಕ್ಕೂ ಜೋಳದ ಕಾಳಿನ ಮೇಲೆ ಬೆಳೆಸಿದ ಅಣಬೆ ಬೀಜವನ್ನು ಉದುರಿಸುತ್ತಾರೆ. ಮೊದಲು ಒಂದೊಂದು ಕಾಳಿನ ಸುತ್ತ ಬಿಳಿ ಮಚ್ಚೆ ಕಾಣಿಸಿಕೊಳ್ಳುತ್ತದೆ, ಅದರಿಂದ ಹೊರಟ ಎಳೆಗಳು ಪಕ್ಕದ ಮಚ್ಚೆಯ ಎಳೆಗಳೊಡನೆ ಕೂಡಿಕೊಳ್ಳುತ್ತವೆ, ಎರಡು ಮೂರು ವಾರಗಳಲ್ಲಿ ಉದುರು ಹುಲ್ಲು ಬಿಗಿಯಾದ ಬಿಳಿ ಗಟ್ಟಿಯಾಗುತ್ತದೆ. ಚೀಲ ಬಿಚ್ಚಿ ಎತ್ತಿದರೂ ಅದು ಚದುರುವುದಿಲ್ಲ. ನಿಮ್ಮ ಊರಿನ ಇಟ್ಟಿಗೆ ಇದೇ. ಎರಡು ಹಸಿ ಇಟ್ಟಿಗೆಗಳನ್ನು ಒತ್ತಿಟ್ಟರೆ ಗಾರೆಯಿಲ್ಲದೆ ಅವು ತಾವೇ ಬೆಸೆದುಕೊಳ್ಳುತ್ತವೆ. ಹುಲ್ಲನ್ನು ಸರಿಯಾಗಿ ಹದಮಾಡದಿದ್ದರೆ ಹಸಿರು ಬೂಷ್ಟು ಮೊದಲು ನುಗ್ಗುತ್ತದೆ. ನಿಮ್ಮ ಊರಿನ ಕಾವಲುಗಾರರು ಭಯಪಡಬೇಕಾದದ್ದು ಶತ್ರುಸೈನ್ಯಕ್ಕಲ್ಲ, ಗೋಡೆಯ ಮೂಲೆಯಲ್ಲಿ ಕಂಡ ಉಗುರಿನಷ್ಟು ಹಸಿರಿಗೆ.

ವಾಸ್ತುಶಿಲ್ಪದ ಕೆಲಸವನ್ನು ಗಾಳಿಗೆ ಬಿಡಿ. ಚಿಪ್ಪು ಅಣಬೆಗೆ ಗಾಳಿಯಾಡದೆ ಇಂಗಾಲದ ಡೈ ಆಕ್ಸೈಡ್ ಹೆಚ್ಚಾದರೆ ತೊಟ್ಟು ಉದ್ದವಾಗಿ ತಲೆ ಚಿಕ್ಕದಾಗುತ್ತದೆ. ತಾಜಾ ಗಾಳಿಯೂ ಬೆಳಕೂ ಸಿಕ್ಕರೆ ತಲೆ ಅಗಲವಾಗಿ ಬಿಚ್ಚಿಕೊಳ್ಳುತ್ತದೆ. ಈ ಒಂದು ಗುಣದಿಂದಲೇ ನಿಮ್ಮ ಶಿಲ್ಪಿಗಳು ಕಂಬವನ್ನು ಮುಚ್ಚಿದ ಕೊಳವೆಯಲ್ಲಿ ಎತ್ತರಕ್ಕೆ ಬೆಳೆಸಿ, ಬೇಕಾದ ಎತ್ತರದಲ್ಲಿ ಕಿಂಡಿ ತೆರೆದು ಚಾವಣಿಯನ್ನು ಅರಳಿಸಬಹುದು. ಚಾವಣಿ ಬಲಿತ ಮೇಲೆ ಬೀಜಕಣಗಳು ಹೊಗೆಯಂತೆ ಉದುರುತ್ತವೆ ಎಂಬುದನ್ನು ಮರೆಯಬಾರದು. ಅಣಬೆ ಮನೆಗಳಲ್ಲಿ ದುಡಿಯುವವರಿಗೆ ಆ ಧೂಳಿನಿಂದ ಕೆಮ್ಮು, ಉಬ್ಬಸ ಬರುವುದುಂಟು, ಆದ್ದರಿಂದ ಊರಿನಲ್ಲಿ ಚಾವಣಿ ಕೊಯ್ಯುವ ದಿನ ಗೊತ್ತಾಗಿರಲೇಬೇಕು.

ಒಂದೇ ಮೂಲದ ಎಳೆಗಳು ಬೆಸೆದುಕೊಂಡರೂ ಬೇರೆ ಬೇರೆ ಮೂಲದ ಎಳೆಗಳು ಸಾಮಾನ್ಯವಾಗಿ ಸೇರುವುದಿಲ್ಲ. ಒಂದೇ ಜಾತಿಯ ಎರಡು ಶಿಲೀಂಧ್ರಗಳು ಕೊಳೆತ ಮರದೊಳಗೆ ಎದುರಾದಾಗ ಅವುಗಳ ನಡುವೆ ಕಪ್ಪು ಗೆರೆ ಮೂಡುವುದುಂಟು. ಕೇರಿಗಳ ಗಡಿಯನ್ನು ಆ ಗೆರೆಯಿಂದಲೇ ಗುರುತಿಸಿ. ಮಿನುಗುವ ಬೀದಿಗಳ ವಿಷಯಕ್ಕೆ ಬಂದರೆ, ಪಶ್ಚಿಮ ಘಟ್ಟದ ಮಳೆಗಾಲದಲ್ಲಿ ಕೊಳೆತ ಮರಗಳ ಮೇಲೆ ಹಸಿರಾಗಿ ಹೊಳೆಯುವ ಶಿಲೀಂಧ್ರಗಳು ನಿಜವಾಗಿಯೂ ಇವೆ, ಆದರೆ ಆ ಬೆಳಕು ಬಹಳ ಮಂದ. ದೀಪ ಹಚ್ಚಿದರೆ ಅದು ಕಾಣುವುದಿಲ್ಲ, ಹಾಗಾಗಿ ನಿಮ್ಮ ಜನ ಕತ್ತಲನ್ನು ಜೋಪಾನ ಮಾಡಲು ಕಲಿತವರಾಗಿರಬೇಕು.

ಜನಜೀವನಕ್ಕೆ ನಮ್ಮ ಹೊಲದ ಬದುವಿನ ಹುತ್ತಕ್ಕಿಂತ ಉತ್ತಮ ಮಾದರಿ ನನಗೆ ಕಂಡಿಲ್ಲ. ಗೆದ್ದಲುಗಳು ಒಣ ಹುಲ್ಲು, ಮರದ ಚೂರುಗಳನ್ನು ತಂದು ಒಳಗೆ ಶಿಲೀಂಧ್ರದ ತೋಟ ಬೆಳೆಸುತ್ತವೆ. ತಮಗೆ ಅರಗದ ನಾರನ್ನು ಶಿಲೀಂಧ್ರದಿಂದ ಅರಗಿಸಿಕೊಂಡು ಅದನ್ನೇ ಉಣ್ಣುತ್ತವೆ, ಮಳೆ ಬಿದ್ದಾಗ ಅದೇ ತೋಟದಿಂದ ಹುತ್ತದ ಅಣಬೆ ಮೇಲೇಳುತ್ತದೆ. ಗೆದ್ದಲು ಬಿಟ್ಟುಹೋದ ಹುತ್ತದ ತೋಟವನ್ನು ಬೇರೆ ಬೂಷ್ಟುಗಳು ಆಕ್ರಮಿಸುತ್ತವೆ. ಹಾಗೆಯೇ ನಿಮ್ಮ ಪಾತ್ರಗಳೂ ಊರಿನ ಒಡೆಯರಾಗಿರದೆ ತೋಟಗಾರರಾಗಿರಲಿ, ಅವರು ಒಂದು ವಾರ ಊರು ಬಿಟ್ಟರೆ ಏನಾಗುತ್ತದೆ ಎಂಬುದು ಪ್ರತಿಯೊಂದು ಮನೆಯಲ್ಲೂ ಕಾಣುತ್ತಿರಲಿ.

ಕಡೆಯದಾಗಿ ಕಥೆಯ ತಿಂಗಳನ್ನು ನಿರ್ಧರಿಸಿಕೊಳ್ಳಿ. ಚಿಪ್ಪು ಅಣಬೆಗೆ 20ರಿಂದ 30 ಡಿಗ್ರಿ ಶಾಖವೂ ಶೇಕಡ 80ಕ್ಕಿಂತ ಹೆಚ್ಚಿನ ತೇವವೂ ಹಿತ. ಮುಂಗಾರಿನಲ್ಲಿ ಊರು ತಾನಾಗಿಯೇ ಉಬ್ಬುತ್ತದೆ. ಏಪ್ರಿಲ್ ಬಿಸಿಲಿಗೆ ಸುಲಿಯುತ್ತದೆ, ನಾಲೆಗೆ ಕಟ್ಟು ಪದ್ಧತಿಯಲ್ಲಿ, ಅಂದರೆ ಕೆಲವು ದಿನ ಹರಿಸಿ ಕೆಲವು ದಿನ ನಿಲ್ಲಿಸಿ, ನೀರು ಬಿಡುವಾಗ ಯಾವ ಕೇರಿಯ ಗೋಡೆಯನ್ನು ಮೊದಲು ನೆನೆಸಬೇಕೆಂಬ ಜಗಳ ಏಳುತ್ತದೆ. ಮೊದಲ ಅಧ್ಯಾಯವನ್ನು ಆ ಜಗಳದಿಂದಲೇ ಆರಂಭಿಸಬಹುದು.