ಬಿಳಿ ಕಲೆಗಾಗಿ ಒಂದು ನಿಮಿಷ: ಗರ್ಭಕೊರಳಿನ ತಪಾಸಣೆಯಲ್ಲಿ ನನ್ನ ಅನುಭವ

ಸ್ತ್ರೀರೋಗ ವೈದ್ಯೆಯಾಗಿ ಕಲ್ಯಾಣ ಕರ್ನಾಟಕದ ಪ್ರಾಥಮಿಕ ಆರೋಗ್ಯ ಕೇಂದ್ರಗಳಲ್ಲಿ ನಾನು ಗರ್ಭಕೊರಳಿನ (ಗರ್ಭಕೋಶದ ಬಾಯಿಯ) ಕ್ಯಾನ್ಸರ್ ತಪಾಸಣೆ ನಡೆಸುತ್ತ ಬಂದಿದ್ದೇನೆ. ಕ್ಯಾನ್ಸರ್ ಶಿಬಿರವೆಂದು ಬ್ಯಾನರ್ ಕಟ್ಟಿದರೆ ಬರುವವರು ಹೆಚ್ಚಾಗಿ ಬಿಳಿ ಸೆರಗು, ನಡುನೋವು ಎಂದು ಆಗಲೇ ಬಳಲುತ್ತಿರುವವರು. ತಪಾಸಣೆ ನಿಜವಾಗಿ ಬೇಕಿರುವುದು ಯಾವ ತೊಂದರೆಯೂ ಇಲ್ಲದ, ಮೂವತ್ತು ದಾಟಿದ ಹೆಂಗಸರಿಗೆ. ಅವರು ಬಿಪಿ, ಸಕ್ಕರೆ ನೋಡಿಸಿಕೊಳ್ಳಲು ಬರುವ ದಿನವೇ ಇದನ್ನೂ ಮಾಡುವುದೆಂದು ನಿಶ್ಚಯಿಸಿ, ಮುಟ್ಟಿನ ದಿನಗಳನ್ನು ಬಿಟ್ಟು ಕರೆತರುವ ಹೊಣೆಯನ್ನು ಆಶಾ ಕಾರ್ಯಕರ್ತೆಯರಿಗೆ ಒಪ್ಪಿಸಿದ ಮೇಲೆ ಕೆಲಸಕ್ಕೆ ಒಂದು ದಾರಿ ಸಿಕ್ಕಿತು.

ನಾವು ಮಾಡುವುದು ವಿಐಎ ಪರೀಕ್ಷೆ, ಅಂದರೆ ಅಸಿಟಿಕ್ ಆಮ್ಲ ಹಚ್ಚಿ ಬರಿಗಣ್ಣಿನಿಂದ ನೋಡುವುದು. ಐದು ಮಿ.ಲೀ. ಗ್ಲೇಶಿಯಲ್ (ನೀರು ಬೆರೆಸದ) ಅಸಿಟಿಕ್ ಆಮ್ಲವನ್ನು 95 ಮಿ.ಲೀ. ನೀರಿಗೆ ಸೇರಿಸಿ ದ್ರಾವಣವನ್ನು ಆಯಾ ದಿನವೇ ತಯಾರಿಸುತ್ತೇವೆ. ಯೋನಿಯನ್ನು ಅಗಲಿಸಿ ಹಿಡಿಯುವ ಸ್ಪೆಕ್ಯುಲಮ್ ಹಾಕಿ, ಗರ್ಭಕೊರಳಿಗೆ ಅದನ್ನು ಹತ್ತಿಯಿಂದ ಹಚ್ಚಿ, ಪೂರ್ತಿ ಒಂದು ನಿಮಿಷ ಕಾಯಬೇಕು. ಹೊರಗೆ ಸಾಲು ಉದ್ದವಾದಂತೆಲ್ಲ ಈ ನಿಮಿಷ ಅರ್ಧಕ್ಕೆ ಇಳಿಯುವ ಅಪಾಯವಿರುವುದರಿಂದ ನರ್ಸ್ ಗಡಿಯಾರ ನೋಡಿ ಹೇಳುವವರೆಗೆ ನಾನು ತೀರ್ಪು ಕೊಡುವುದಿಲ್ಲ. ಅಸಹಜ ಜೀವಕೋಶಗಳಲ್ಲಿ ಪ್ರೋಟೀನ್ ಹೆಚ್ಚಿರುತ್ತದೆ. ಆಮ್ಲ ತಗುಲಿದಾಗ ಅದು ತಾತ್ಕಾಲಿಕವಾಗಿ ಹೆಪ್ಪುಗಟ್ಟಿ ಆ ಭಾಗ ಬೆಳ್ಳಗೆ ಕಾಣುತ್ತದೆ. ಒಳಪದರವೂ ಹೊರಪದರವೂ ಕೂಡುವ ಗಡಿಗೆ ಅಂಟಿಕೊಂಡ, ಅಂಚು ಸ್ಪಷ್ಟವಿರುವ ದಟ್ಟ ಬಿಳುಪು ಮಾತ್ರ ಪಾಸಿಟಿವ್. ಮಂದವಾದ, ಚದುರಿದ ಬಿಳುಪು ಉರಿಯೂತದಿಂದಲೂ ಬರಬಹುದು. ಹಳದಿ ಬೆಳಕಿನಲ್ಲಿ ಈ ವ್ಯತ್ಯಾಸ ತಿಳಿಯುವುದು ಕಷ್ಟವಾದ್ದರಿಂದ ಬಿಳಿ ಬೆಳಕಿನ ಟಾರ್ಚ್ ಸದಾ ಜೊತೆಗಿರುತ್ತದೆ. ಮುಟ್ಟು ನಿಂತವರಲ್ಲಿ ಆ ಗಡಿ ಒಳಗೆ ಸರಿದಿರುವುದರಿಂದ ಈ ಪರೀಕ್ಷೆಯನ್ನು ನೆಚ್ಚುವಂತಿಲ್ಲ. ಅಂಥವರನ್ನು ಬೇರೆ ಪರೀಕ್ಷೆಗೆ ಕಳಿಸುತ್ತೇನೆ.

ಈ ಕ್ಯಾನ್ಸರನ್ನು ತರುವ ವೈರಸ್ಸನ್ನೇ (ಹ್ಯೂಮನ್ ಪ್ಯಾಪಿಲೋಮಾ ವೈರಸ್, ಎಚ್‌ಪಿವಿ) ಹುಡುಕುವ ಎಚ್‌ಪಿವಿ ಡಿಎನ್‌ಎ ಪರೀಕ್ಷೆ ಇದಕ್ಕಿಂತ ಮೇಲು ಎಂಬುದರಲ್ಲಿ ನನಗೆ ಸಂದೇಹವಿಲ್ಲ. ನಮ್ಮ ಗಡಿಯಾಚೆಯ ಮಹಾರಾಷ್ಟ್ರದ ಉಸ್ಮಾನಾಬಾದ್ (ಈಗಿನ ಧಾರಾಶಿವ) ಜಿಲ್ಲೆಯ ಹಳ್ಳಿಗಳಲ್ಲಿ ನಡೆದು 2009ರಲ್ಲಿ ಪ್ರಕಟವಾದ ದೊಡ್ಡ ಅಧ್ಯಯನದಲ್ಲಿ, ಒಂದೇ ಸಲದ ಎಚ್‌ಪಿವಿ ಪರೀಕ್ಷೆಯಿಂದ ಈ ಕ್ಯಾನ್ಸರಿನ ಸಾವುಗಳು ಸುಮಾರು ಅರ್ಧಕ್ಕೆ ಇಳಿದವು. ಒಂದೇ ಸಲದ ವಿಐಎಗೆ ಅಂಥ ಫಲ ಕಾಣಲಿಲ್ಲ. ಆದರೆ ಮುಂಬೈಯ ಕೊಳೆಗೇರಿಗಳಲ್ಲಿ ತರಬೇತಿ ಪಡೆದ ಆರೋಗ್ಯ ಕಾರ್ಯಕರ್ತೆಯರು ಎರಡು ವರ್ಷಕ್ಕೊಮ್ಮೆ ವಿಐಎ ಮಾಡಿದಾಗ ಸಾವುಗಳು ಶೇ. 31ರಷ್ಟು ಕಡಿಮೆಯಾದವು. ಕೈಯಲ್ಲಿರುವ ಪರೀಕ್ಷೆಯನ್ನೇ ಶಿಸ್ತಿನಿಂದ, ಮತ್ತೆ ಮತ್ತೆ ಮಾಡಬೇಕೆಂದು ನಾನು ಹಟ ಹಿಡಿಯುವುದು ಇದೇ ಕಾರಣಕ್ಕೆ.

ಕಷ್ಟದ ಭಾಗ ಬರುವುದು ಫಲಿತಾಂಶ ಹೇಳುವಾಗ. ಪಾಸಿಟಿವ್ ಎಂದೊಡನೆ ಹೆಚ್ಚಿನವರು ಕ್ಯಾನ್ಸರ್ ಬಂತೆಂದೇ ತಿಳಿಯುತ್ತಾರೆ. ಪಾಸಿಟಿವ್ ಎಂದರೆ ಕ್ಯಾನ್ಸರ್ ಎಂದಲ್ಲ, ಬಿಟ್ಟರೆ ಮುಂದೆಂದೋ ಆಗಬಹುದಾದದ್ದು ಎಂಬುದನ್ನು ಮೊದಲ ವಾಕ್ಯದಲ್ಲೇ ಹೇಳುತ್ತೇನೆ. ಆಮೇಲೆ, ಅತ್ತೆ ಹೊರಗೆ ಹೋದ ಹೊತ್ತು ನೋಡಿ, ಮೆಲ್ಲಗೆ ಇನ್ನೊಂದು ಪ್ರಶ್ನೆ ಬರುತ್ತದೆ: "ಡಾಕ್ಟ್ರೇ, ಇದು ನಮ್ಮ ಮನೆಯವರಿಂದ ಬಂತಾ?" ಎಚ್‌ಪಿವಿ ಲೈಂಗಿಕ ಸಂಪರ್ಕದಲ್ಲಿ ಚರ್ಮದಿಂದ ಚರ್ಮಕ್ಕೆ ಹರಡುತ್ತದೆ, ಕಾಂಡೋಮ್ ಅಪಾಯವನ್ನು ತಗ್ಗಿಸುತ್ತದೆಯೇ ಹೊರತು ಪೂರ್ತಿ ತಡೆಯುವುದಿಲ್ಲ ಎಂಬುದನ್ನು ನಾನು ಮುಚ್ಚಿಡುವುದಿಲ್ಲ. ಆದರೆ ದಾಂಪತ್ಯ ಜೀವನ ನಡೆಸುವ ಬಹುಪಾಲು ಜನರಿಗೆ ಜೀವನದಲ್ಲಿ ಒಮ್ಮೆಯಾದರೂ ಇದು ತಗುಲುತ್ತದೆ. ಹೆಚ್ಚಿನವರಲ್ಲಿ ಎರಡು ವರ್ಷದೊಳಗೆ ತಾನೇ ಮಾಯವಾಗುತ್ತದೆ. ಕೆಲವರಲ್ಲಿ ಮಾತ್ರ ಉಳಿದು, ಸಾಮಾನ್ಯವಾಗಿ 15ರಿಂದ 20 ವರ್ಷಗಳಲ್ಲಿ ಕ್ಯಾನ್ಸರ್ ಆಗಿ ಬೆಳೆಯಬಲ್ಲದು. ಎಚ್‌ಐವಿ ಇರುವವರಲ್ಲಿ ಈ ಅವಧಿ ಬಹಳ ಕಿರಿದು. ಯಾವಾಗ ಬಂತು, ಯಾರಿಂದ ಬಂತು ಎಂದು ಈ ಪರೀಕ್ಷೆಯಿಂದ ಯಾರೂ ಹೇಳಲಾರರು, ಹೇಳಲೂ ಕೂಡದು. ಗಂಡನನ್ನು ಕರೆಸಿದರೂ ಇದೇ ಮಾತನ್ನು ಇದೇ ಶಬ್ದಗಳಲ್ಲಿ ಹೇಳುತ್ತೇನೆ, ಏಕೆಂದರೆ ಮನೆಯಲ್ಲಿ ಜಗಳವಾದರೆ ಆ ಹೆಂಗಸು ಚಿಕಿತ್ಸೆಗೆ ಮರಳಿ ಬರುವುದಿಲ್ಲ.

ಕಲೆ ಗರ್ಭಕೊರಳಿನ ಕಾಲುವೆಯೊಳಕ್ಕೆ ಹರಡಿರದಿದ್ದರೆ ಮತ್ತು ಕ್ಯಾನ್ಸರಿನ ಶಂಕೆ ಇಲ್ಲದಿದ್ದರೆ, ಅದೇ ದಿನ ಥರ್ಮಲ್ ಅಬ್ಲೇಶನ್ ಉಪಕರಣದಿಂದ ಆ ಪದರವನ್ನು ಸುಡುತ್ತೇವೆ. ಶಾಖ ಕೊಡುವುದು ಸೆಕೆಂಡುಗಳ ಲೆಕ್ಕದಲ್ಲಿ ಮುಗಿಯುತ್ತದೆ. ಬಹುತೇಕರಿಗೆ ಅರಿವಳಿಕೆ ಬೇಕಾಗುವುದಿಲ್ಲ. ನಂತರ ಕೆಲವು ವಾರ ನೀರಿನಂಥ ಸ್ರಾವವಿರುತ್ತದೆ, ನಾಲ್ಕು ವಾರ ಲೈಂಗಿಕ ಸಂಪರ್ಕ ಬೇಡ. ಈ ಎರಡನೆಯದನ್ನು ನಾನೇ ಚೀಟಿಯಲ್ಲಿ ಬರೆದು ಕೊಡುತ್ತೇನೆ, ಮನೆಯಲ್ಲಿ ಬಾಯಿಬಿಟ್ಟು ಹೇಳಲು ಅವರಿಗೆ ಸಂಕೋಚ. ಶಂಕೆಯಿದ್ದವರನ್ನು ಬಯಾಪ್ಸಿಗೆ (ಸಣ್ಣ ತುಣುಕು ತೆಗೆದು ಮಾಡುವ ಪರೀಕ್ಷೆಗೆ) ಕಳಿಸುವಾಗ ಆಶಾ ಕಾರ್ಯಕರ್ತೆಯೂ ಜೊತೆಗೆ ಹೋಗುತ್ತಾಳೆ. ಒಂಟಿಯಾಗಿ ಕಳಿಸಿದರೆ ಅನೇಕರು ಬಸ್ ನಿಲ್ದಾಣದಿಂದಲೇ ಮನೆಗೆ ಮರಳುತ್ತಾರೆ.

ಮೇಜು ಇಳಿಯುವ ಹೊತ್ತಿಗೆ ಬಹಳ ತಾಯಂದಿರು ಮಗಳ ಬಗ್ಗೆ ಕೇಳುತ್ತಾರೆ. ಎಚ್‌ಪಿವಿ ಲಸಿಕೆಗೆ 9ರಿಂದ 14 ವರ್ಷ ಸೂಕ್ತ ವಯಸ್ಸು; ಸೋಂಕು ತಗುಲುವ ಮೊದಲೇ ಹಾಕಿಸಬೇಕು, ಆಗಲೇ ಇರುವ ಸೋಂಕನ್ನು ಅದು ಗುಣಪಡಿಸುವುದಿಲ್ಲ. ಗರ್ಭಕೊರಳಿನ ಕ್ಯಾನ್ಸರುಗಳಲ್ಲಿ ಸುಮಾರು ಶೇ. 70ಕ್ಕೆ ಕಾರಣವಾದ, ಈ ವೈರಸ್ಸಿನ 16 ಮತ್ತು 18ನೇ ಬಗೆಗಳನ್ನು ಎಲ್ಲ ಲಸಿಕೆಗಳೂ ತಡೆಯುತ್ತವೆ. 2023ರಲ್ಲಿ ಬಿಡುಗಡೆಯಾದ ದೇಶೀ ಲಸಿಕೆ ಸರ್ವವ್ಯಾಕ್ ಕೂಡ. ಈ ವಯಸ್ಸಿನ ಹುಡುಗಿಯರು ಸೂಜಿಗೆ ತಲೆ ತಿರುಗಿ ಬೀಳುವುದುಂಟು. ಲಸಿಕೆಯ ನಂತರ ಹದಿನೈದು ನಿಮಿಷ ಕೂರಿಸಿಕೊಳ್ಳದಿದ್ದರೆ ಆ ಸುದ್ದಿಯೇ ಊರಿನಲ್ಲಿ ಬೇರೆ ರೂಪ ತಾಳುತ್ತದೆ. ಉಳಿದ ಬಗೆಗಳ ಸೋಂಕು ಮುಂದೆ ತಗುಲಬಹುದಾದ್ದರಿಂದ, ಮೂವತ್ತರ ನಂತರ ಇವಳಿಗೂ ತಪಾಸಣೆ ಬೇಕೆಂದು ಲಸಿಕೆಯ ಕಾರ್ಡಿನ ಮೇಲೆ ಕೆಂಪು ಶಾಯಿಯಲ್ಲಿ ಬರೆಸುತ್ತೇನೆ.