ಸೀಸ ಹಾಕಿದ ಮೇಲೆ ಗೊಂಬೆ ಕೂತಿತು

ಕಾಲ್ಬೆರಳು ಕತ್ತರಿಸುವ ದೃಶ್ಯ ಬರೀ ನೆರಳಲ್ಲಿ ಬರೋದಿಲ್ಲ, ಸಾಫ್ಟ್‌ವೇರ್‌ನಲ್ಲಿ ಮಾಡು ಅಂತ ಗೆಳೆಯರೆಲ್ಲ ಹೇಳಿದ್ದರು. ಬಂತು. 2 ನಿಮಿಷ 40 ಸೆಕೆಂಡಿನ ನೆರಳುಗೊಂಬೆ ಚಿತ್ರ, ಪೂರ್ತಿ ಕೈಯಲ್ಲೇ ಮಾಡಿದ್ದು: ಕೆಳಗಿಂದ ಬೆಳಕು ಬರುವ ಗಾಜಿನ ಮೇಲೆ ಗೊಂಬೆ ಇಟ್ಟು, ಸ್ವಲ್ಪ ಸ್ವಲ್ಪವೇ ಸರಿಸಿ, ಪ್ರತಿ ಸಲ ಒಂದು ಫೋಟೊ ತೆಗೆಯೋದು.

ನೆರಳುಗೊಂಬೆ ಚಿತ್ರಗಳಿಗೆ ಹೆಸರಾದ ನಿರ್ದೇಶಕಿ ಲೋಟೆ ರೈನಿಗರ್ 1922ರಲ್ಲಿ ಜರ್ಮನಿಯಲ್ಲಿ ಮಾಡಿದ ‘ಆಶನ್‌ಪುಟ್ಟೆಲ್’ ಮೂಕಿ ಚಿತ್ರ ನೋಡಿದವರಿಗೆ ಈ ದೃಶ್ಯ ಗೊತ್ತು. ಸಿಂಡರೆಲ್ಲಾ ಕಥೆಯೇ, ಆದರೆ ಗ್ರಿಮ್ ಸಹೋದರರು ಹೇಳಿದ ಹಾಗೆ. ಪಾದರಕ್ಷೆ ಹಿಡಿಸಲಿ ಅಂತ ಮಲತಾಯಿಯ ಮಗಳು ತನ್ನ ಬೆರಳನ್ನೇ ಕೊಯ್ದುಕೊಳ್ಳುತ್ತಾಳೆ.

ಮೊದಲು ಬರೀ ಕರಿ ಕಾರ್ಡ್‌ನಲ್ಲಿ ಕತ್ತರಿಸಿದೆ. ಮಳೆಗಾಲ. ಎರಡೇ ದಿನಕ್ಕೆ ಅಂಚು ಮೇಲೆದ್ದು ನೆರಳು ಮಸುಕಾಯಿತು. ಫ್ಯಾನ್ ಹಾಕಿದರೆ ಗೊಂಬೆಯ ಕೈ ಹಾರುತ್ತದೆ, ಆರಿಸಿದರೆ ಬೆವರು ಗಾಜಿನ ಮೇಲೆ ಬೀಳುತ್ತದೆ. ಆಮೇಲೆ ಗಾಜಿನ ಕೆಳಗೆ ಬೆಳಕಿಗೆ ಇಟ್ಟಿದ್ದ 2,200 ರೂಪಾಯಿಯ ಎಲ್‌ಇಡಿ ಪ್ಯಾನೆಲ್ ಮಿಣುಕತೊಡಗಿತು. ಆರುನೂರು ಫೋಟೊ ನೀರುಪಾಲು. ಆ ರಾತ್ರಿ ನಿಜಕ್ಕೂ ಅಳು ಬಂದಿತ್ತು.

ರೈನಿಗರ್ ಕಾರ್ಡ್ ಜೊತೆ ತೆಳು ಸೀಸದ ತಗಡು ಬಳಸುತ್ತಿದ್ದರು, ಕೀಲಿಗೆ ತಂತಿ. ಗೊತ್ತಿದ್ದರೂ ಸೀಸ ಅಂದರೆ ಹೆದರಿಕೆ ಇತ್ತು. ಕೊನೆಗೆ ಮೀನಿನ ಬಲೆಗೆ ಕಟ್ಟುವ ಸೀಸದ ಗುಂಡು ತಂದು, ಸುತ್ತಿಗೆಯಲ್ಲಿ ತಟ್ಟಿ ತಗಡು ಮಾಡಿದೆ. ಗ್ಲೌಸ್ ಹಾಕಿಕೊಳ್ಳಿ, ಅಡುಗೆಮನೆಯಲ್ಲಿ ಮಾತ್ರ ಬೇಡ. ಗೊಂಬೆ ಗಾಜಿನ ಮೇಲೆ ಗಟ್ಟಿಯಾಗಿ ಕೂತಿತು. ಪಾದದ ಕೀಲಿಗೆ ತಂತಿ ಹೇಗೆ ತಿರುಚಿದೆ ಅನ್ನೋದು ಸದ್ಯಕ್ಕೆ ನನ್ನ ಹತ್ತಿರವೇ ಇರಲಿ. ಅದೊಂದಕ್ಕೇ ಏಳು ತಿಂಗಳು ಹೋಗಿದೆ.

ಮಧ್ಯೆ ತೊಗಲುಗೊಂಬೆಯ ಹಾಗೆ ಹದ ಮಾಡಿದ ಆಡಿನ ಚರ್ಮದಲ್ಲೂ ಒಂದು ಮುಖ ಮಾಡಿದೆ. ಬೆಳಕು ತೂರಿ ಬಂದು ಎಷ್ಟು ಚೆಂದ ಕಂಡಿತು! ಆದರೆ ಕಣ್ಣು ಕಂಡ ಕೂಡಲೇ ಭಯ ಹೋಯಿತು. ಕರಿ ಗೊಂಬೆಗೆ ಕಣ್ಣಿಲ್ಲ, ಅದಕ್ಕೇ ನಾವು ಅದರ ಕೈಯನ್ನೇ ನೋಡುತ್ತೇವೆ. ಮೂಕಿ ಕಾಲದಲ್ಲಿ ಬೆಂಕಿಯ ದೃಶ್ಯಕ್ಕೆ ಕೆಂಪು, ರಾತ್ರಿಗೆ ನೀಲಿ ಬಣ್ಣ ಹಾಕುತ್ತಿದ್ದರಲ್ವಾ? ರಕ್ತಕ್ಕೆ ಅಂತ ನಾನೂ ಕೆಂಪು ಹಾಕಿದೆ. ಮನೆಗೆ ಬೆಂಕಿ ಬಿದ್ದ ಹಾಗೆ ಕಂಡಿತು. ತೆಗೆದುಬಿಟ್ಟೆ.

ಕೊನೆಗೆ ಕೈಹಿಡಿದಿದ್ದು ಗೊಂಬೆಯ ಚಲನೆಯನ್ನೇ ನಿಲ್ಲಿಸುವುದು. ಸೆಕೆಂಡಿಗೆ 18 ಫ್ರೇಮ್, ಅಂದರೆ 18 ಫೋಟೊ ಇಟ್ಟಿದ್ದೆ. ಬೆರಳು ಬಿದ್ದ ಮೇಲೆ 12 ಫ್ರೇಮ್ ಏನೂ ಅಲ್ಲಾಡುವುದಿಲ್ಲ. ಆಮೇಲೆ ಭುಜ ಮಾತ್ರ ಮೆಲ್ಲಗೆ ಇಳಿಯುತ್ತದೆ. ಹಾಳಾಗಿದ್ದೂ ಸೇರಿ ನಾಲ್ಕು ಸಾವಿರ ಫೋಟೊ ಆಗಿರಬಹುದು, ಖರ್ಚು ಹನ್ನೊಂದು ಸಾವಿರದ ಹತ್ತಿರ. ‘ಪ್ರಿನ್ಸ್ ಆಖ್ಮೆದ್’ ಅನ್ನೋ ಪೂರ್ಣಾವಧಿ ನೆರಳುಗೊಂಬೆ ಚಿತ್ರಕ್ಕೆ ರೈನಿಗರ್ 1923ರಿಂದ 1926ರವರೆಗೆ ದುಡಿದಿದ್ದರು. ಅದನ್ನು ನೆನೆಸಿಕೊಂಡೇ ಕೂತಿದ್ದೆ.

ಗೋಡೆಯ ಮೇಲೆ ಮೊದಲ ಸಲ ಹಾಕಿ ತೋರಿಸಿದಾಗ ಅಮ್ಮ ಸುಮ್ನೆ ನೋಡುತ್ತಿದ್ದರು. ಚಾಕು ಇಳಿಯುವಾಗ ಕಾಲನ್ನು ಕುರ್ಚಿಯ ಕೆಳಗೆ ಎಳೆದುಕೊಂಡರು. ಈಗ ಅದೇ ಕಥೆಯಲ್ಲಿ ಬರುವ ಪಾರಿವಾಳದ ಗೊಂಬೆ ಕತ್ತರಿಸುತ್ತಿದ್ದೇನೆ. ರೆಕ್ಕೆಗೆ ಸೀಸ ಜಾಸ್ತಿ ಆಗುತ್ತಿದೆ.