ಗುಂಡಿಗೆ ಮೂರು ಪರಂಗಿ ಸಸಿ: ನನ್ನ ಲೆಕ್ಕ, ನನ್ನ ಅನುಭವ

ಗುಂಡಿಗೆ ಮೂರು ಸಸಿ ನೆಟ್ಟರೆ ಎರಡರ ಗೊಬ್ಬರ ದಂಡ ಎಂದು ಮಂಡ್ಯ ಸೀಮೆಯ ನಮ್ಮೂರಿನಲ್ಲಿ ಎಲ್ಲರೂ ಹೇಳಿದ್ದರು. ಹಾಗೆಂದವರಲ್ಲೇ ಇಬ್ಬರು ಈ ಸಲ ನನ್ನಿಂದ ಸಸಿ ಒಯ್ದಿದ್ದಾರೆ. ಇನ್ನು ಬರೆಯಲು ಅಡ್ಡಿಯಿಲ್ಲ.

ನನ್ನದು ವಾಷಿಂಗ್ಟನ್ ತಳಿ. ಗಂಡು ಗಿಡ ಬೇರೆ, ಹೆಣ್ಣು ಗಿಡ ಬೇರೆ, ಹಣ್ಣು ಬಿಡುವುದು ಹೆಣ್ಣು. ಹೂ ಬಿಡುವ ತನಕ ಯಾವುದು ಯಾವುದೆಂದು ತಿಳಿಯದು. ಅದಕ್ಕೇ ಗುಂಡಿಗೆ ಮೂರು ನೆಟ್ಟು, ಹೂ ಕಂಡ ಮೇಲೆ ಒಂದು ಹೆಣ್ಣನ್ನು ಉಳಿಸಿಕೊಳ್ಳುವುದು. ಗಂಡು ಗಿಡವೇ ಬರದ ರೆಡ್ ಲೇಡಿ ಎಂಬ ಹೈಬ್ರಿಡ್ ತಳಿ ಹಾಕಿದರೆ ಈ ತಾಪತ್ರಯವಿಲ್ಲ, ನಿಜ. ಆದರೆ ಆ ಬೀಜದ ಬೆಲೆ ಕೊಡಲು ನನಗೆ ಮನಸ್ಸಿಲ್ಲ.

ಸಸಿ ಹೆಣ್ಣಾಗುವ ಸಂಭವ ಅರ್ಧ. ನಾಟಿಯಾದ ಮೇಲೆ ಬದುಕುವುದು ನೂರಕ್ಕೆ ಎಂಬತ್ತು. ಎರಡನ್ನೂ ಗುಣಿಸಿದರೆ ಒಂದು ಸಸಿ ಹಣ್ಣಿನ ಮರವಾಗುವ ಸಂಭವ 0.4. ಮೂರು ನೆಟ್ಟರೆ 1.2 ಆಯಿತಲ್ಲ, ಗುಂಡಿಗೊಂದು ಖಾತ್ರಿ ಎಂದು ಕೂಡಿಸುವವರಿದ್ದಾರೆ. ಕೂಡಿಸಬಾರದು. ಕೈಕೊಡುವ ಸಂಭವವನ್ನು ಗುಣಿಸಬೇಕು: 0.6 ಅನ್ನು ಮೂರು ಸಲ ಗುಣಿಸಿದರೆ ಸುಮಾರು 0.22. ಆರಡಿ ಅಂತರದಲ್ಲಿ ಎಕರೆಗೆ 1,200 ಗುಂಡಿ, ಅದರಲ್ಲಿ 260 ಹಣ್ಣಿಲ್ಲದವು.

ಮೊದಲ ಬೆಳೆಯಲ್ಲಿ ಹಣ್ಣಿಲ್ಲದವು 400ರ ಹತ್ತಿರ ಹೋದವು, ಲೆಕ್ಕಕ್ಕಿಂತ 140 ಹೆಚ್ಚು. ಗುಂಡಿಗೆ 200 ರೂಪಾಯಿ ಹಿಡಿದರೂ 28 ಸಾವಿರ ಕೈಬಿಟ್ಟಿತು. ನೋಡಿದವರು ನಕ್ಕರು. ನಾನು ಸಾಲು ಸಾಲು ತಿರುಗಿ ನೋಡಿದೆ: ತಗ್ಗಿನಲ್ಲಿ ನೀರು ನಿಂತ ಗುಂಡಿಗಳಲ್ಲಿ ಬುಡಕೊಳೆ ಬಂದು ಮೂರೂ ಸಸಿ ಒಟ್ಟಿಗೇ ಹೋಗಿದ್ದವು. ಗಂಡೋ ಹೆಣ್ಣೋ ಎಂಬುದು ಸಸಿ ಸಸಿಗೆ ಬೇರೆ. ಕೊಳೆ ಹಾಗಲ್ಲ, ಒಂದಕ್ಕೆ ಹತ್ತಿದರೆ ಪಕ್ಕದ್ದಕ್ಕೂ ಹತ್ತುತ್ತದೆ. ಜೊತೆಯಲ್ಲಿ ಸಾಯುವವುಗಳಿಗೆ ಗುಣಾಕಾರ ಹಿಡಿಯುವುದಿಲ್ಲ.

ಮುಂದಿನ ಸಲ ಏರುಮಡಿ ಮಾಡಿಸಿದೆ. ಸಸಿಗಳನ್ನು ಮುಕ್ಕೋನವಾಗಿ ಅಡಿಯಷ್ಟು ಬಿಟ್ಟು ನೆಡಿಸಿದೆ. ನಾಟಿಗೆ ಮುಂಚೆ ಬೇರಿಗೆ ಮಾಡುವ ಉಪಚಾರ ಒಂದಿದೆ, ಅದು ನನ್ನಲ್ಲೇ ಇರಲಿ. ಬದುಕಿದ್ದು ನೂರಕ್ಕೆ ತೊಂಬತ್ತು. ಲೆಕ್ಕ ಸಾವಿರ ಮರ ಎಂದಿತು, 980ರಷ್ಟು ಸಿಕ್ಕವು. ಒಂಟಿ ಸಸಿ ನೆಟ್ಟ ಪಕ್ಕದ ತೋಟದಲ್ಲಿ 540ರ ಆಸುಪಾಸು. ಅವರು ಮರುನಾಟಿ ಮಾಡಿದವು ಆರು ತಿಂಗಳು ಹಿಂದೆ ಬಿದ್ದವು. ಹೆಚ್ಚುವರಿ ಸಸಿಗೆ 12 ಸಾವಿರ, ಗೊಬ್ಬರ ಮತ್ತು ಆಳಿಗೆ 15 ಸಾವಿರ ಕಳೆದರೂ ಅವರಿಗಿಂತ ಅರವತ್ತು ಸಾವಿರ ಮೇಲೆಯೇ ಉಳಿಯಿತು.

ಹೂ ಕಾಣುವಾಗ ಇನ್ನೊಂದು ತಮಾಷೆ. ಗುಂಡಿಯಲ್ಲಿ ಎರಡು ಗಂಡು ಕಂಡ ಕೂಡಲೇ ಆಳುಗಳು, "ಮೂರನೆಯದು ಹೆಣ್ಣೇ ಬಿಡಿ ಅಣ್ಣ" ಎನ್ನುತ್ತಿದ್ದರು. ಅದಕ್ಕೂ ಸಂಭವ ಅರ್ಧವೇ, ಮೊದಲೆರಡರ ಸುದ್ದಿ ಅದಕ್ಕೆ ಗೊತ್ತಿಲ್ಲ. ತಾಯಿಬೇರು ನೇರ ಇದ್ದರೆ ಗಂಡು, ಕವಲೊಡೆದರೆ ಹೆಣ್ಣು ಎಂಬ ಮಾತನ್ನೂ ನಲವತ್ತೈವತ್ತು ಸಸಿ ಬೇರ್ಪಡಿಸಿ ನೆಟ್ಟು ನೋಡಿದೆ. ಎರಡು ಸಾಲಿನಲ್ಲೂ ಹೆಚ್ಚುಕಡಿಮೆ ಅರ್ಧರ್ಧ.

ನಾಲ್ಕನೆಯ ಸಸಿ ಏಕೆ ಬೇಡ ಎಂದು ಕೇಳುವವರಿಗೆ: ಮೂರನೆಯದು 165 ಗುಂಡಿ ಉಳಿಸಿದರೆ ನಾಲ್ಕನೆಯದು ಉಳಿಸುವುದು 90. ಕಾಗದದ ಮೇಲೆ ಅದೂ ಲಾಭವೇ. ಎರಡು ಸಾಲು ನೆಟ್ಟು ನೋಡಿದೆ. ಗಿಡಗಳು ನೆರಳಿಗೆ ಸಿಕ್ಕು ಸಣಕಲಾಗಿ ಮೇಲೆದ್ದವು, ಗಾಳಿಗೆ ಕೆಲವು ಮುರಿದವು. ಅಲ್ಲದೆ ಹತ್ತು ಹೆಣ್ಣಿಗೊಂದು ಗಂಡು ಬೇಕೇ ಬೇಕು. ಮೂರರ ಲೆಕ್ಕದಲ್ಲಿ ಹಣ್ಣಿಲ್ಲದೆ ಉಳಿಯುವ ಇನ್ನೂರು ಗುಂಡಿಗಳಲ್ಲಿ ನೂರರ ಗಂಡನ್ನು ಪರಾಗಕ್ಕೆ ಬಿಡುತ್ತೇನೆ. ಇನ್ನು ನೂರರಲ್ಲಿ ಗಂಡು ಕಡಿದು ಬೇರೆ ಬೆಳೆ ಹಾಕಿದ್ದೇನೆ. ಯಾವುದೆಂದು ಮಾರಾಟವಾದ ಮೇಲೆ ಹೇಳುತ್ತೇನೆ.